ಕೊಲೆಗಾರನನ್ನು ಕ್ಷಮಿಸುವ ಹಕ್ಕು ಯಾರದು? ಶರೀಅತ್, ಮರಣದಂಡನೆ ಮತ್ತು ರಕ್ತಪರಿಹಾರ

ಶಿರಸಿ_ಮಳೆ

2024ರ ಏಪ್ರಿಲ್‌ನಲ್ಲಿ ಕೋಝಿಕ್ಕೋಡಿನ ಡ್ರೈವರ್ ಒಬ್ಬರನ್ನು ಉಳಿಸಲು ಕೇರಳದವರು 34 ಕೋಟಿ ರೂಪಾಯಿ ಕೂಡಿಸಿದರು, ನೆನಪಿದೆಯಲ್ಲ? ಅವರಿಗೆ ರಿಯಾದ್‌ನಲ್ಲಿ ಮರಣದಂಡನೆ ಆಗಿತ್ತು. 2006ರಲ್ಲಿ ಅವರು ನೋಡಿಕೊಳ್ಳುತ್ತಿದ್ದ ಅಂಗವಿಕಲ ಹುಡುಗ ಕಾರಿನಲ್ಲಿ ಸತ್ತುಹೋದ. ಹುಡುಗನ ಕುತ್ತಿಗೆಗೆ ಅಳವಡಿಸಿದ್ದ ಉಪಕರಣಕ್ಕೆ ಆಕಸ್ಮಿಕವಾಗಿ ಕೈ ತಾಗಿತು ಅನ್ನುವುದು ಡ್ರೈವರ್ ಹೇಳಿಕೆ. ಕೋರ್ಟ್ ಕೊಲೆ ಅಂದಿತು. ಕೊನೆಗೆ ಹುಡುಗನ ಮನೆಯವರು 1.5 ಕೋಟಿ ರಿಯಾಲ್ ಪಡೆದು ಕ್ಷಮಿಸಲು ಒಪ್ಪಿದರು.

ಮರುವರ್ಷ ಜುಲೈ 16ಕ್ಕೆ ಯೆಮೆನ್‌ನಲ್ಲಿ ಕೊಲೆ ಕೇಸೊಂದರಲ್ಲಿ ಪಾಲಕ್ಕಾಡಿನ ನರ್ಸ್ ಒಬ್ಬರ ಮರಣದಂಡನೆ ಜಾರಿ ಆಗಬೇಕಿತ್ತು. ಹಿಂದಿನ ದಿನ ಮುಂದೂಡಿದರು. ಅಲ್ಲಿ ಸತ್ತವನ ಸಹೋದರ, ದುಡ್ಡು ಬೇಡ, ಕಿಸಾಸ್ (ಪ್ರಾಣಕ್ಕೆ ಪ್ರಾಣ) ಬೇಕು ಅಂದ.

ಕೊಲೆ ಅಂದರೆ ಸರ್ಕಾರ ನಡೆಸುವ ಕೇಸು ಅಂತ ಓದಿಕೊಂಡು ಬಂದ ನನಗೆ ಇದು ತಲೆಗೆ ಹೋಗುತ್ತಿಲ್ಲ. ಜಡ್ಜ್ ತೀರ್ಪು ಕೊಟ್ಟ ಮೇಲೂ ಪ್ರಾಣ ಉಳಿಯುವುದು ಬಿಡುವುದು ಒಂದು ಮನೆಯವರ ಮಾತಿನಲ್ಲಿದೆ. ಇದು ದಯೆಯಾ, ವ್ಯಾಪಾರವಾ? ಓದಿಕೊಂಡವರು ಹೇಳಿ. ಸುಮ್ನೆ ಧರ್ಮದ ಜಗಳ ಬೇಡ.

ಜುಬೈಲ್_ಮಾಜಿ

ಓದಿಕೊಂಡವನಲ್ಲ, ಅಲ್ಲಿ ಕೆಲಸ ಮಾಡಿದವನು. ಕೊಲ್ಲಿಯಲ್ಲಿರುವ ನಮ್ಮವರಿಗೆ ಇದು ಹೊಸ ವಿಷಯ ಅಲ್ಲ. ಲೇಬರ್ ಕ್ಯಾಂಪ್‌ನಲ್ಲಿ ಹೊಡೆದಾಟ ಆಗಿ ಒಬ್ಬ ಸತ್ತರೆ ಮೊದಲ ಪ್ರಶ್ನೆ "ವಕೀಲ ಯಾರು" ಅಲ್ಲ, "ಸತ್ತವನ ಊರು ಯಾವುದು, ಅಪ್ಪ ಅಮ್ಮ ಇದ್ದಾರಾ" ಅನ್ನುವುದು. ಯಾಕೆಂದರೆ ಅವರನ್ನು ಹುಡುಕಿಕೊಂಡು ಹೋಗಬೇಕು.

ಶಾರ್ಜಾದಲ್ಲಿ ಒಬ್ಬ ಪಾಕಿಸ್ತಾನಿಯನ್ನು ಕೊಂದ ಕೇಸಿನಲ್ಲಿ 2010ರಲ್ಲಿ 17 ಭಾರತೀಯರಿಗೆ ಒಟ್ಟಿಗೆ ಮರಣದಂಡನೆ ಆಯಿತು. ಹೆಚ್ಚಿನವರು ಪಂಜಾಬಿನ ಹುಡುಗರು. ದುಬೈಯಲ್ಲಿರುವ ಪಂಜಾಬಿ ಉದ್ಯಮಿ ಎಸ್.ಪಿ. ಸಿಂಗ್ ಒಬೆರಾಯ್ ಮುಂದೆ ನಿಂತು ಸತ್ತವನ ಮನೆಯವರನ್ನು ಒಪ್ಪಿಸಿ ದುಡ್ಡು ಕಟ್ಟಿದರು. 2013ರಲ್ಲಿ ಹುಡುಗರು ಊರಿಗೆ ಬಂದರು. ನಮ್ಮ ಕಾನೂನು ಅಲ್ಲಿ ಇದ್ದಿದ್ದರೆ ಆ ಹುಡುಗರಿಗೆ ಉಳಿದಿದ್ದು ಮೇಲಿನ ಕೋರ್ಟು, ಇಲ್ಲವೇ ಕ್ಷಮಾದಾನ ಅರ್ಜಿ.

ಹಾಗಂತ ಎಲ್ಲರಿಗೂ ಒಬೆರಾಯ್ ಸಿಗುವುದಿಲ್ಲ. ಸಿಗದವರ ಸುದ್ದಿ ಊರಿನ ಪೇಪರ್‌ನಲ್ಲಿ ನಾಲ್ಕು ಸಾಲು ಬರುತ್ತದೆ, ಅಷ್ಟೇ.

ಉಪ್ಪಿನಂಗಡಿ_ಕಿತಾಬು

ಅಸ್ಸಲಾಮು ಅಲೈಕುಂ, ನಮಸ್ಕಾರ. ದರ್ಸ್‌ನಲ್ಲಿ (ಮಸೀದಿಯ ಧಾರ್ಮಿಕ ಪಾಠ) ಓದಿ ಬಂದವನು ನಾನು, ತಿಳಿದಷ್ಟು ಹೇಳುತ್ತೇನೆ.

"ಇಸ್ಲಾಮಿನಲ್ಲಿ ಮರಣದಂಡನೆ" ಅಂತ ಎಲ್ಲವನ್ನೂ ಒಂದೇ ಗಂಟಿಗೆ ಕಟ್ಟಿದರೆ ಏನೂ ಅರ್ಥ ಆಗುವುದಿಲ್ಲ. ಫಿಕ್ಹ್ (ಇಸ್ಲಾಮೀ ಕಾನೂನು) ಕಿತಾಬುಗಳಲ್ಲಿ ಇವು ಬೇರೆ ಬೇರೆ ಅಧ್ಯಾಯಗಳು. ದಾರಿಯಲ್ಲಿ ಅಡ್ಡಗಟ್ಟಿ ದರೋಡೆ ಮಾಡಿ ಕೊಲ್ಲುವುದು, ವಿವಾಹಿತರ ವ್ಯಭಿಚಾರ ಇವೆಲ್ಲ ಹುದೂದ್. ಅಲ್ಲಿ ಶಿಕ್ಷೆ ದೇವರ ಹಕ್ಕು ಅಂತ ಲೆಕ್ಕ. ಒಮ್ಮೆ ಸಾಬೀತಾದರೆ ಖಾಝಿಯೂ, ಅಂದರೆ ನ್ಯಾಯಾಧೀಶನೂ, ಬದಲಿಸುವ ಹಾಗಿಲ್ಲ. ಸಾಬೀತು ಮಾಡುವುದನ್ನೇ ಕಷ್ಟ ಮಾಡಿಟ್ಟಿದ್ದಾರೆ. ವ್ಯಭಿಚಾರಕ್ಕೆ ಕಣ್ಣಾರೆ ಕಂಡ ನಾಲ್ಕು ಸಾಕ್ಷಿ ಬೇಕು. ಸಾಕ್ಷಿ ಇಲ್ಲದೆ ಆರೋಪ ಮಾಡಿದವನಿಗೇ 80 ಛಡಿ. ಸಂಶಯ ಬಂದರೆ ಹುದೂದ್ ಬಿಟ್ಟುಬಿಡಿ ಅನ್ನುವುದು ಎಲ್ಲ ಮದ್‌ಹಬ್‌ಗಳೂ (ಹನಫಿ, ಶಾಫಿಈ, ಮಾಲಿಕಿ, ಹಂಬಲಿ ಎಂಬ ನಾಲ್ಕು ಸುನ್ನಿ ಕಾನೂನು ಪಂಥಗಳು) ಒಪ್ಪಿದ ಸೂತ್ರ. ಕಲ್ಲೆಸೆದು ಕೊಲ್ಲುವ ಶಿಕ್ಷೆ ಹದೀಸಿನಿಂದ (ಪ್ರವಾದಿಯವರ ಮಾತು, ನಡೆಯ ವರದಿ) ಬಂದದ್ದು, ಕುರ್‌ಆನ್‌ನಲ್ಲಿ ಇರುವುದು ನೂರು ಛಡಿ.

ಕೊಲೆ ಈ ಅಧ್ಯಾಯದಲ್ಲಿ ಇಲ್ಲ. ಅದು ಕಿಸಾಸ್. ಅಲ್ಲಿ ಹಕ್ಕು ಮನುಷ್ಯರದು, ಅಂದರೆ ಸತ್ತವನ ವಾರಸುದಾರರದು. ಕುರ್‌ಆನ್‌ನ 17:33 ವಾರಸುದಾರನಿಗೆ ಅಧಿಕಾರ ಕೊಡುತ್ತದೆ, ಅದೇ ಉಸಿರಿನಲ್ಲಿ ಮಿತಿ ಮೀರಬೇಡ ಅನ್ನುತ್ತದೆ. 2:178 ಕಿಸಾಸ್ ವಿಧಿಸಿ, ಮುಂದಿನ ಸಾಲಿನಲ್ಲೇ ಕ್ಷಮೆಗೂ ಪರಿಹಾರಕ್ಕೂ ಜಾಗ ಬಿಡುತ್ತದೆ. 5:45ರಲ್ಲಿ ಪ್ರಾಣಕ್ಕೆ ಪ್ರಾಣ ಅಂದ ಮೇಲೆ, ಬಿಟ್ಟುಕೊಟ್ಟವನ ಪಾಪಗಳಿಗೆ ಅದೇ ಪ್ರಾಯಶ್ಚಿತ್ತ ಅಂತಿದೆ. ಕಿಸಾಸ್ ಕೇಸು ತಂದಾಗಲೆಲ್ಲ ಪ್ರವಾದಿಯವರು ಮೊದಲು ಕ್ಷಮಿಸಲು ಹೇಳುತ್ತಿದ್ದರು ಅಂತ ಪ್ರವಾದಿಯವರ ಸಂಗಾತಿ ಅನಸ್ ಅವರ ಹದೀಸಿದೆ.

ಮೂರನೆಯದು ತಅಝೀರ್. ಅಲ್ಲಿ ಶಿಕ್ಷೆ ಆಡಳಿತಗಾರನ ತೀರ್ಮಾನ. ಇವತ್ತು ಪೇಪರ್‌ನಲ್ಲಿ ಬರುವ ಎಷ್ಟೋ ತಲೆದಂಡಗಳು ಈ ಮೂರನೇ ಬಾಗಿಲಿನಿಂದ ಬಂದವು.

ಲೆಕ್ಕ_ಕೇಳುವವ

ಕಿತಾಬು ಸಾರ್, ವಿವರಣೆ ಚೆನ್ನಾಗಿದೆ. ನನ್ನ ಪ್ರಶ್ನೆ ದುಡ್ಡಿನದು.

ಸೌದಿಯಲ್ಲಿ ಉದ್ದೇಶಪೂರ್ವಕ ಕೊಲೆಗೆ ಸರ್ಕಾರ 2011ರಲ್ಲಿ ನಿಗದಿ ಮಾಡಿದ ರಕ್ತಪರಿಹಾರ 4 ಲಕ್ಷ ರಿಯಾಲ್. ಅಪಘಾತಕ್ಕೆ 3 ಲಕ್ಷ. ಕೋಝಿಕ್ಕೋಡಿನವರಿಗೆ ಕೇಳಿದ್ದು 1.5 ಕೋಟಿ. ಮೂವತ್ತೇಳು ಪಟ್ಟು ಜಾಸ್ತಿ! ಇದನ್ನು ಕ್ಷಮೆ ಅಂತ ಹೇಗೆ ಕರೆಯುವುದು? ದುಡ್ಡಿದ್ದವನು ಕೊಂದು ದಕ್ಕಿಸಿಕೊಳ್ಳುತ್ತಾನೆ, ಇಲ್ಲದವನು ಸಾಯುತ್ತಾನೆ.

ಪಾಕಿಸ್ತಾನ ನೋಡಿ. 1990ರಲ್ಲಿ ಕಿಸಾಸ್ ಮತ್ತು ದಿಯತ್ (ದಿಯಾ, ಅಂದರೆ ರಕ್ತಪರಿಹಾರ) ಸುಗ್ರೀವಾಜ್ಞೆ ಬಂತು. 2011ರ ಜನವರಿಯಲ್ಲಿ ಸಿಐಎ ಗುತ್ತಿಗೆದಾರ ರೇಮಂಡ್ ಡೇವಿಸ್ ಲಾಹೋರ್‌ನ ರಸ್ತೆಯಲ್ಲಿ ಇಬ್ಬರನ್ನು ಗುಂಡಿಟ್ಟು ಕೊಂದ. ಮಾರ್ಚ್‌ನಲ್ಲಿ ಇಪ್ಪತ್ತು ಲಕ್ಷ ಡಾಲರಿಗೂ ಮೇಲ್ಪಟ್ಟ ದಿಯತ್ ಕೊಟ್ಟು ಅದೇ ದಿನ ವಿಮಾನ ಹತ್ತಿದ. ಅಮೆರಿಕದವನನ್ನು ಬಿಡಿಸಿದ್ದು ಶರೀಅತ್ ಕಾನೂನು! ಕರಾಚಿಯಲ್ಲಿ 2012ರಲ್ಲಿ ಶಾಹ್‌ಜೇಬ್ ಖಾನ್ ಅನ್ನುವ ವಿದ್ಯಾರ್ಥಿಯನ್ನು ಜಮೀನ್ದಾರರ ಮನೆಯ ಹುಡುಗ ಕೊಂದ. ಮರಣದಂಡನೆ ಆಯಿತು. ಅಪ್ಪ ಅಮ್ಮ "ಕ್ಷಮಿಸಿದರು". 2022ರಲ್ಲಿ ಸುಪ್ರೀಂ ಕೋರ್ಟ್ ಬಿಡುಗಡೆ ಮಾಡಿತು. ಅಷ್ಟು ದೊಡ್ಡ ಮನೆತನದ ಎದುರು ಒಂದು ಕುಟುಂಬ ಎಷ್ಟು ವರ್ಷ ನಿಲ್ಲಬಲ್ಲದು? ಅದು ಮನಸ್ಸಿನಿಂದ ಬಂದ ಕ್ಷಮೆ ಅಂತ ನಂಬಲು ನನಗೆ ಆಗುವುದಿಲ್ಲ.

ಕಲಬುರಗಿ_ಅಕ್ಷರ

ಲೆಕ್ಕ_ಕೇಳುವವರಿಗೆ: ದುಡ್ಡಿಗಿಂತ ದೊಡ್ಡ ತೂತು ಇನ್ನೊಂದಿದೆ. ಕೊಂದವನೂ ಕ್ಷಮಿಸುವವನೂ ಒಂದೇ ಮನೆಯವರಾದರೆ?

2016ರ ಜುಲೈನಲ್ಲಿ ಸೋಷಿಯಲ್ ಮೀಡಿಯಾದಲ್ಲಿ ಹೆಸರಾಗಿದ್ದ ಖಂದೀಲ್ ಬಲೋಚ್‌ಳನ್ನು ಅವಳ ತಮ್ಮನೇ ಕತ್ತು ಹಿಸುಕಿ ಕೊಂದ. ಮಾನ ಹೋಯಿತು ಅನ್ನುವ ಕಾರಣ. ಇಂಥ ಕೇಸುಗಳಲ್ಲಿ ಮಗಳ ವಾರಸುದಾರರು ಯಾರು? ಅಪ್ಪ ಅಮ್ಮ. ಕೊಂದವನು ಯಾರು? ಅವರ ಮಗ. ಮಗಳು ಹೋದಳು, ಮಗನಾದರೂ ಉಳಿಯಲಿ ಅಂತ ಸಹಿ ಹಾಕುತ್ತಾರೆ. ಆ ಗಲಾಟೆಯ ನಂತರ ಅಕ್ಟೋಬರ್‌ನಲ್ಲಿ ಪಾಕಿಸ್ತಾನದ ಸಂಸತ್ತು ಕಾನೂನು ತಿದ್ದಿತು. ಮಾನದ ಹೆಸರಿನ ಕೊಲೆಯಲ್ಲಿ ಮನೆಯವರು ಕ್ಷಮಿಸಿದರೂ ಜೀವಾವಧಿ ತಪ್ಪುವುದಿಲ್ಲ ಅಂತ. 2019ರಲ್ಲಿ ತಮ್ಮನಿಗೆ ಜೀವಾವಧಿ ಆಯಿತು. ಆದರೆ 2022ರಲ್ಲಿ ಹೈಕೋರ್ಟ್ ಅವನನ್ನು ಬಿಟ್ಟಿತು. ಅಷ್ಟರಲ್ಲಿ ತಾಯಿಯ ಕ್ಷಮೆಪತ್ರವೂ ಕೋರ್ಟಿಗೆ ಬಂದಿತ್ತು.

ಇರಾನ್ ಇನ್ನೂ ಒಂದು ಹೆಜ್ಜೆ ಮುಂದೆ. ಅಪ್ಪ ಮಗುವನ್ನು ಕೊಂದರೆ ಅವನಿಗೆ ಕಿಸಾಸ್ ಇಲ್ಲ ಅಂತ ಅಲ್ಲಿನ ದಂಡಸಂಹಿತೆಯಲ್ಲೇ ಬರೆದಿದೆ. 2020ರಲ್ಲಿ ಗಿಲಾನ್ ಪ್ರಾಂತ್ಯದಲ್ಲಿ ಒಬ್ಬ ತಂದೆ 14 ವರ್ಷದ ಮಗಳನ್ನು ಮಲಗಿದ್ದಲ್ಲೇ ಕುಡುಗೋಲಿನಿಂದ ಕೊಂದ. ಸಿಕ್ಕ ಶಿಕ್ಷೆ 9 ವರ್ಷ ಜೈಲು. ಹೆಂಗಸನ್ನು ಕೊಂದ ಗಂಡಸಿಗೆ ಗಲ್ಲು ಆಗಬೇಕಿದ್ದರೆ ಸತ್ತವಳ ಮನೆಯವರೇ ಅರ್ಧ ದಿಯಾ ಕೊಲೆಗಾರನ ಕಡೆಗೆ ಕಟ್ಟಬೇಕು. ಇದು ಶಿಯಾ ಫಿಕ್ಹ್‌ನ ನಿಯಮ. ಸುನ್ನಿ ಮದ್‌ಹಬ್‌ಗಳು ಇದನ್ನು ಕೇಳುವುದಿಲ್ಲ, ಆದರೆ ಅಲ್ಲಿಯೂ ಹೆಂಗಸಿನ ದಿಯಾ ಗಂಡಸಿನ ಅರ್ಧ ಅಂತಲೇ ಹಳೆಯ ಕಿತಾಬುಗಳು ಹೇಳುವುದು.

ನಾನು ನಮಾಜ್ ಮಾಡುವ ಹೆಣ್ಣುಮಗಳು. ಧರ್ಮದ ಮೇಲಿನ ಸಿಟ್ಟಿನಿಂದ ಇದನ್ನು ಬರೆಯುತ್ತಿಲ್ಲ. ಆದರೆ "ಕ್ಷಮೆ ಎಷ್ಟು ದೊಡ್ಡದು" ಅಂತ ಬಯಾನ್ (ಪ್ರವಚನ) ಮಾಡುವಾಗ ಯಾರ ಪರವಾಗಿ ಯಾರು ಕ್ಷಮಿಸುತ್ತಿದ್ದಾರೆ ಅನ್ನುವುದನ್ನೂ ಹೇಳಬೇಕು, ಅಲ್ವಾ?

ಉಪ್ಪಿನಂಗಡಿ_ಕಿತಾಬು

ಅಕ್ಷರ ಅಕ್ಕ, ನಿಮ್ಮ ಪ್ರಶ್ನೆ ಸರಿಯಾದದ್ದು. ಇದನ್ನು ಹಳಬರೂ ಕಂಡಿದ್ದರು. ತಂದೆಗೆ ಕಿಸಾಸ್ ಇಲ್ಲ ಅನ್ನುವುದನ್ನು ಇಮಾಮ್ ಮಾಲಿಕ್ ಪೂರ್ತಿ ಒಪ್ಪಲಿಲ್ಲ. ಮಗುವನ್ನು ಮಲಗಿಸಿ ಕುತ್ತಿಗೆ ಕೊಯ್ದ ಹಾಗೆ ಉದ್ದೇಶ ಸ್ಪಷ್ಟ ಇದ್ದರೆ ತಂದೆಗೂ ಕಿಸಾಸ್ ಉಂಟು ಅಂದರು. ಮಾಲಿಕಿಗಳಲ್ಲಿ ಇನ್ನೊಂದಿದೆ: ನಂಬಿಸಿ, ಮೋಸದಿಂದ ಕರೆದೊಯ್ದು ಕೊಂದರೆ ಅದು ಗೀಲಾ. ಅಲ್ಲಿ ಮನೆಯವರ ಕ್ಷಮೆ ನಡೆಯುವುದಿಲ್ಲ, ಆಡಳಿತವೇ ಶಿಕ್ಷೆ ಕೊಡಬೇಕು. ಸೌದಿ ಕೋರ್ಟುಗಳೂ ಇದನ್ನು ಬಳಸುತ್ತವೆ.

ಈ ಕ್ಷಮೆಯ ನಿಯಮ ಎಲ್ಲಿಂದ ಬಂತು ಅಂತ ನೋಡಿದರೆ ಸ್ವಲ್ಪ ಬೆಳಕು ಬೀಳುತ್ತದೆ. ಆ ಕಾಲದ ಅರಬರಲ್ಲಿ ಒಬ್ಬ ಸತ್ತರೆ ಇಡೀ ಬುಡಕಟ್ಟು ಸೇಡಿಗೆ ಹೊರಡುತ್ತಿತ್ತು. ಕೊಂದವನೇ ಸಿಗಬೇಕು ಅಂತಿಲ್ಲ, ಅವನ ಕುಲದವನು ಯಾರಾದರೂ ಸಾಕು. ದೊಡ್ಡ ಕುಲದವನ ಪ್ರಾಣಕ್ಕೆ ಎದುರು ಕುಲದ ಹಲವು ತಲೆ ಬೇಕು. ಕಿಸಾಸ್ ಇದಕ್ಕೆ ಹಾಕಿದ ಬೇಲಿ. ಕೊಂದವನು ಮಾತ್ರ, ಒಂದಕ್ಕೆ ಒಂದೇ. 632ರ ವಿದಾಯ ಭಾಷಣದಲ್ಲಿ ಪ್ರವಾದಿಯವರು ಹಳೆಯ ರಕ್ತದ ಸೇಡುಗಳನ್ನೆಲ್ಲ ರದ್ದು ಮಾಡಿದಾಗ ಮೊದಲು ಕೈಬಿಟ್ಟದ್ದು ತಮ್ಮದೇ ಕುಟುಂಬಕ್ಕೆ ಬರಬೇಕಿದ್ದ ಸೇಡನ್ನು, ರಬೀಆ ಬಿನ್ ಹಾರಿಸ್ ಅವರ ಮಗನ ರಕ್ತವನ್ನು.

661ರಲ್ಲಿ ನಾಲ್ಕನೇ ಖಲೀಫ ಅಲಿ ಅವರಿಗೆ ವಿಷದ ಕತ್ತಿಯ ಏಟು ಬಿದ್ದಿತು. ಮಕ್ಕಳಿಗೆ ಅವರು ಹೇಳಿದ್ದು: ನಾನು ಸತ್ತರೆ ಹೊಡೆದವನಿಗೆ ಒಂದೇ ಏಟು ಕೊಡಿ, ಅಂಗಾಂಗ ಕತ್ತರಿಸಬೇಡಿ, ನನ್ನ ಹೆಸರಿನಲ್ಲಿ ಬೇರೆಯವರ ರಕ್ತ ಹರಿಸಬೇಡಿ.

ಕಡತದ_ಕೋಣೆ

ಉಸ್ತಾದರು ಹೇಳಿದ್ದಕ್ಕೆ ಇತಿಹಾಸದ ಕಡೆಯಿಂದ ಎರಡು ಮಾತು ಸೇರಿಸುತ್ತೇನೆ, ಸ್ವಲ್ಪ ಉದ್ದ ಆಗುತ್ತದೆ.

"ಮನೆಯವರ ಹಕ್ಕಾ, ಆಡಳಿತದ ಹಕ್ಕಾ" ಅನ್ನುವ ಜಗಳ ಶುರುವಿನಿಂದಲೇ ಇದೆ. 644ರಲ್ಲಿ ಖಲೀಫ ಉಮರ್ ಅವರ ಹತ್ಯೆ ಆಯಿತು. ಸಿಟ್ಟಿನಲ್ಲಿ ಅವರ ಮಗ ಉಬೈದುಲ್ಲಾ, ಸಂಚಿನಲ್ಲಿ ಇದ್ದಾನೆ ಅನ್ನುವ ಬರಿಯ ಅನುಮಾನದ ಮೇಲೆ ಹುರ್ಮುಜಾನ್ ಅನ್ನುವ ಪರ್ಷಿಯನ್ ಸರದಾರನನ್ನು ಕೊಂದ. ಹುರ್ಮುಜಾನನ ಪರ ನಿಲ್ಲಲು ಯಾರಿದ್ದಾರೆ? ವಾರಸುದಾರರಿಲ್ಲದವನಿಗೆ ನಾನೇ ವಾರಸುದಾರ ಅಂತ ಹೊಸ ಖಲೀಫ ಉಸ್ಮಾನ್ ಕ್ಷಮಿಸಿ, ದಿಯಾವನ್ನು ತಾವೇ ಕಟ್ಟಿದರು. ಅಲಿ ಒಪ್ಪಲಿಲ್ಲ, ಕಿಸಾಸ್ ಆಗಬೇಕಿತ್ತು ಅಂದರು. ಅಂದರೆ ಅಧಿಕಾರದ ಹತ್ತಿರ ಇದ್ದವನಿಗೆ ಕ್ಷಮೆ ಸುಲಭ ಅನ್ನುವ ದೂರು ಇವತ್ತಿನದಲ್ಲ.

ಈಗ ನಮ್ಮ ದೇಶಕ್ಕೆ ಬನ್ನಿ. ಈ ಕಾನೂನು ಇಲ್ಲಿಗೆ ಹೊರಗಿನದು ಅಂತ ಅಂದುಕೊಂಡರೆ ಅದು ಸರಿಯಲ್ಲ. ಮೊಘಲರ ಕಾಲದ ಬಂಗಾಳದಲ್ಲಿ ಫೌಜ್‌ದಾರಿ ಅದಾಲತ್‌ಗಳು (ಅಪರಾಧ ಕೋರ್ಟುಗಳು) ಹನಫಿ ಕಾನೂನಿನಂತೆ ನಡೆಯುತ್ತಿದ್ದವು. ಈಸ್ಟ್ ಇಂಡಿಯಾ ಕಂಪನಿ ಬಂದ ಮೇಲೂ ಖಾಜಿಗಳು, ಫತ್ವಾ (ಧಾರ್ಮಿಕ ಕಾನೂನಿನ ಅಭಿಪ್ರಾಯ) ಕೊಡುವ ಮುಫ್ತಿಗಳು ಹಾಗೇ ಕೂತಿದ್ದರು. ಕಂಪನಿಯವರಿಗೆ ತಲೆನೋವಾಗಿದ್ದು ಮುಖ್ಯವಾಗಿ ಎರಡು. ಒಂದು, ಮನೆಯವರು ಕ್ಷಮಿಸಿ ಕೇಸು ಮುಗಿಸುವುದು. ಇನ್ನೊಂದು, ಹನಫಿ ಪಂಥದ ಇಮಾಮ್ ಅಬೂ ಹನೀಫಾ ಅವರ ಅಭಿಪ್ರಾಯದ ಪ್ರಕಾರ ಕತ್ತಿಯಂಥ ಆಯುಧ ಇಲ್ಲದೆ, ಕತ್ತು ಹಿಸುಕಿಯೋ ನೀರಿಗೆ ತಳ್ಳಿಯೋ ಕೊಂದರೆ ಕಿಸಾಸ್ ಬರುವುದಿಲ್ಲ ಅನ್ನುವುದು. 1790ರ ಡಿಸೆಂಬರ್‌ನಲ್ಲಿ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಎರಡನ್ನೂ ಬದಲಾಯಿಸಿದ. ಆಯುಧ ನೋಡಬೇಡಿ, ಉದ್ದೇಶ ನೋಡಿ. ಮನೆಯವರ ಕ್ಷಮೆ ಲೆಕ್ಕಕ್ಕಿಲ್ಲ. (ಒಂದೆರಡು ವರ್ಷದಲ್ಲಿ ನಮ್ಮ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿದ ಅದೇ ಕಾರ್ನ್‌ವಾಲಿಸ್.)

ಇದನ್ನು ಮಾಡಿದ ರೀತಿ ತಮಾಷೆಯಾಗಿದೆ. ಮುಫ್ತಿಯನ್ನು ತೆಗೆಯಲಿಲ್ಲ. "ಎಲ್ಲ ವಾರಸುದಾರರೂ ಕಿಸಾಸ್ ಕೇಳಿದ್ದಾರೆ ಅಂತ ಅಂದುಕೊಂಡು ಫತ್ವಾ ಕೊಡಿ" ಅಂತ ಅವರಿಗೆ ಆದೇಶ ಮಾಡಿದರು. ಮನೆಯವರು ಬಾಯಿ ಬಿಡದಿದ್ದರೂ ಕೇಳಿದ ಹಾಗೆ ಲೆಕ್ಕ! ಕಾಗದದಲ್ಲಿ ಶರೀಅತ್, ಗಲ್ಲು ಕಂಪನಿಯದು.

ನಾಗರಿಕತೆ ತಂದೆವು ಅಂತ ಕಂಪನಿಯವರು ಬರೆದುಕೊಂಡರು. ಅದನ್ನು ಪೂರ್ತಿ ನಂಬುವ ಮೊದಲು 1772ರಲ್ಲಿ ಕಂಪನಿಯ ಬಂಗಾಳ ಗವರ್ನರ್ ಹೇಸ್ಟಿಂಗ್ಸ್ ಡಕಾಯಿತರ ಬಗ್ಗೆ ಮಾಡಿದ ನಿಯಮ ಓದಬೇಕು. ಡಕಾಯಿತನನ್ನು ಅವನ ಊರಿನಲ್ಲೇ ನೇಣು ಹಾಕಿ, ಊರಿಗೆ ದಂಡ ಹಾಕಿ, ಹೆಂಡತಿ ಮಕ್ಕಳನ್ನು ಸರ್ಕಾರದ ಗುಲಾಮರನ್ನಾಗಿ ಮಾಡಬೇಕು. ಯಾವ ಫಿಕ್ಹ್ ಕಿತಾಬಿನಲ್ಲೂ ಡಕಾಯಿತನ ಮಕ್ಕಳಿಗೆ ಶಿಕ್ಷೆ ಇಲ್ಲ.

1862ರಲ್ಲಿ ಐಪಿಸಿ (ಭಾರತೀಯ ದಂಡಸಂಹಿತೆ) ಜಾರಿಗೆ ಬಂದ ಮೇಲೆ ಬ್ರಿಟಿಷ್ ಇಂಡಿಯಾದಲ್ಲಿ ಈ ಅಧ್ಯಾಯ ಮುಚ್ಚಿತು. 1937ರ ಶರೀಅತ್ ಕಾಯ್ದೆಯಲ್ಲಿ ಮದುವೆ, ವಾರಸುದಾರಿಕೆ, ವಕ್ಫ್ ಇವೆ, ಅಪರಾಧ ಕಾನೂನು ಇಲ್ಲ.

ನಿರ್ವಾಹಕರು

ಎರಡು ಕಮೆಂಟ್ ತೆಗೆದಿದ್ದೇವೆ. ಒಂದು ಧರ್ಮನಿಂದೆ, ಇನ್ನೊಂದು ಅದಕ್ಕೆ ಬೈಗುಳದ ಉತ್ತರ. ಯೆಮೆನ್ ಕೇಸಿನ ಎರಡೂ ಮನೆಯವರ ಫೋಟೋ, ವಿಳಾಸ, ಫೋನ್ ನಂಬರ್ ಹಾಕುವವರ ಖಾತೆ ನೇರವಾಗಿ ಬಂದ್ ಆಗುತ್ತದೆ.

ಲೆಕ್ಕ_ಕೇಳುವವ

ಕಡತದ_ಕೋಣೆ, ಈ ಫತ್ವಾ ಕತೆ ಗೊತ್ತೇ ಇರಲಿಲ್ಲ.

ಉಸ್ತಾದರಿಗೆ ಇನ್ನೊಂದು ನೇರ ಪ್ರಶ್ನೆ. ಸತ್ತವನು ಮುಸ್ಲಿಂ ಅಲ್ಲದಿದ್ದರೆ? ಕುಂದಾಪುರದಿಂದ ಹೋದ ಒಬ್ಬ ಹಿಂದೂ ಕಾರ್ಮಿಕನನ್ನು ಅಲ್ಲಿನವನೊಬ್ಬ ಕೊಂದರೆ ಅವನ ಪ್ರಾಣಕ್ಕೂ ಪ್ರಾಣವಾ? ಸುತ್ತಿ ಬಳಸಿ ಹೇಳಬೇಡಿ.

ಉಪ್ಪಿನಂಗಡಿ_ಕಿತಾಬು

ಸುತ್ತುವುದಿಲ್ಲ. ಶಾಫಿಈ, ಮಾಲಿಕಿ, ಹಂಬಲಿ ಕಿತಾಬುಗಳ ಪ್ರಕಾರ ಮುಸ್ಲಿಮೇತರನನ್ನು ಕೊಂದ ಮುಸ್ಲಿಮನಿಗೆ ಸಾಮಾನ್ಯವಾಗಿ ಕಿಸಾಸ್ ಇಲ್ಲ. ದಿಯಾ ಕೂಡ ಕಡಿಮೆ. ಆಡಳಿತ ಬೇರೆ ಶಿಕ್ಷೆ ಕೊಡಬಹುದು. ಹನಫಿಗಳು ಇದನ್ನು ಒಪ್ಪುವುದಿಲ್ಲ. ತಮ್ಮ ಆಡಳಿತದಲ್ಲಿ ರಕ್ಷಣೆ ಪಡೆದು ಬದುಕುವವನ ಪ್ರಾಣ ಮುಸ್ಲಿಮನ ಪ್ರಾಣಕ್ಕೆ ಸಮ, ದಿಯಾವೂ ಸಮ ಅನ್ನುವುದು ಅವರ ನಿಲುವು. ಮೊಘಲರು, ಉಸ್ಮಾನಿಗಳು (ಆಟೋಮನ್ ತುರ್ಕರು) ಹನಫಿಗಳು. ಸೌದಿ ಹಂಬಲಿ.

ನಮ್ಮ ಕರಾವಳಿಯಲ್ಲಿ ಬ್ಯಾರಿಗಳು, ಭಟ್ಕಳದ ನವಾಯತರು ಶಾಫಿಈಗಳು. ಘಟ್ಟದ ಮೇಲಿನವರು ಹೆಚ್ಚಾಗಿ ಹನಫಿಗಳು. ನಮಾಜಿನಲ್ಲಿ ಕೈ ಎಲ್ಲಿ ಕಟ್ಟಬೇಕು ಅಂತ ನಾವು ಚರ್ಚೆ ಮಾಡಿದಷ್ಟು ಇದನ್ನು ಮಾಡಿಲ್ಲ. ನನ್ನ ಮಟ್ಟಿಗೆ ಹೇಳುವುದಾದರೆ ಈ ವಿಷಯದಲ್ಲಿ ಘಟ್ಟದ ಮೇಲಿನವರ ಇಮಾಮರ ಮಾತೇ ಕುರ್‌ಆನ್‌ನ "ಪ್ರಾಣಕ್ಕೆ ಪ್ರಾಣ"ಕ್ಕೆ ಹತ್ತಿರ. ನಮ್ಮ ಉಸ್ತಾದರುಗಳು ಇದನ್ನು ಓದಿದರೆ ಬೈಯಬಹುದು.

ಇನ್ನೊಂದು, ಯಾರೂ ಹೇಳದೇ ಇದ್ದದ್ದು. ವಾರಸುದಾರರಲ್ಲಿ ಒಬ್ಬರು ಕ್ಷಮಿಸಿದರೂ ಕಿಸಾಸ್ ಬಿದ್ದುಹೋಗುತ್ತದೆ, ಉಳಿದವರಿಗೆ ದಿಯಾದ ಪಾಲು ಮಾತ್ರ. ಹನಫಿ, ಶಾಫಿಈ, ಹಂಬಲಿ ಮೂವರೂ ಇದನ್ನು ಒಪ್ಪುತ್ತಾರೆ. ವಾರಸುದಾರರಲ್ಲಿ ಚಿಕ್ಕ ಮಗು ಇದ್ದರೆ ಅದು ದೊಡ್ಡದಾಗುವ ತನಕ ಕಾಯಬೇಕು ಅನ್ನುವವರೂ ಇದ್ದಾರೆ. ಕೆಲವು ಕೈದಿಗಳು ವರ್ಷಗಟ್ಟಲೆ ಒಳಗೆ ಕೂತಿರುವುದಕ್ಕೆ ಇದೂ ಒಂದು ಕಾರಣ.

ಅಂಕಿ_ಸಂಖ್ಯೆ

ಎಲ್ಲರೂ ಕಿಸಾಸ್ ಬಗ್ಗೆ ಮಾತಾಡುತ್ತಿದ್ದೀರಿ. ಲೆಕ್ಕ ಬೇರೆ ಹೇಳುತ್ತದೆ.

ಮಾನವ ಹಕ್ಕು ಸಂಸ್ಥೆ ಆಮ್ನೆಸ್ಟಿ ಪ್ರಕಾರ 2024ರಲ್ಲಿ ಜಗತ್ತಿನಲ್ಲಿ ದಾಖಲಾದ ಮರಣದಂಡನೆ 1,518. ಚೀನಾ ಇದರಲ್ಲಿ ಇಲ್ಲ, ಅಲ್ಲಿ ಸಾವಿರಗಟ್ಟಲೆ ಆದರೂ ಲೆಕ್ಕ ಹೊರಗೆ ಬರುವುದಿಲ್ಲ. 1,518ರಲ್ಲಿ ಇರಾನ್ 972, ಸೌದಿ ಕನಿಷ್ಠ 345, ಇರಾಕ್ ಕನಿಷ್ಠ 63. ಮೂರು ದೇಶ ಸೇರಿದರೆ ಹತ್ತರಲ್ಲಿ ಒಂಬತ್ತು.

ಇವೆಲ್ಲ ಕೊಲೆಗಾ? ಇಲ್ಲ. ಇರಾನ್, ಸೌದಿ ಎರಡರಲ್ಲೂ ದೊಡ್ಡ ಪಾಲು ಡ್ರಗ್ಸ್ ಕೇಸು. ಸೌದಿ ಡ್ರಗ್ಸ್ ಗಲ್ಲುಗಳನ್ನು ಸ್ವಲ್ಪ ಕಾಲ ನಿಲ್ಲಿಸಿತ್ತು, 2022ರ ನವೆಂಬರ್‌ನಲ್ಲಿ ಮತ್ತೆ ಶುರು ಮಾಡಿತು. ಸಿಕ್ಕಿಬೀಳುವವರಲ್ಲಿ ಪಾಕಿಸ್ತಾನ, ಯೆಮೆನ್, ಸೊಮಾಲಿಯಾದಿಂದ ಬಂದ ಬಡ ಸಾಗಣೆದಾರರು ಜಾಸ್ತಿ. ಅಲ್ಲಿ ಯಾವ ಮನೆಯವರನ್ನು ಹುಡುಕಿ ಕ್ಷಮೆ ಕೇಳುವುದು? 2022ರ ಮಾರ್ಚ್ 12ರಂದು ಸೌದಿ ಒಂದೇ ದಿನ 81 ಜನರ ತಲೆ ತೆಗೆಯಿತು. ಭಯೋತ್ಪಾದನೆ ಅಂದರು. ಅದರಲ್ಲಿ ಅರ್ಧದಷ್ಟು ಶಿಯಾಗಳು. ಇರಾನ್ 2022ರ ಪ್ರತಿಭಟನೆಯ ಹುಡುಗರನ್ನು ನೇಣಿಗೆ ಹಾಕಿದ್ದು "ದೇವರ ವಿರುದ್ಧ ಯುದ್ಧ" ಅನ್ನುವ ಆರೋಪದ ಮೇಲೆ. ದರೋಡೆಕೋರರಿಗಾಗಿ ಇದ್ದ ಕಲಮನ್ನು ರಸ್ತೆ ತಡೆದವರಿಗೆ ಹಚ್ಚಿದರು.

ಹಾಗಾಗಿ "ಶರೀಅತ್ ಇಷ್ಟು ಜನರನ್ನು ಕೊಲ್ಲುತ್ತದೆ" ಅನ್ನುವುದೂ ಪೂರ್ತಿ ಸರಿಯಲ್ಲ, "ಶರೀಅತ್‌ನಲ್ಲಿ ಕ್ಷಮೆ ಇದೆ" ಅಂತ ಆ ಸರ್ಕಾರಗಳನ್ನು ಸಮರ್ಥಿಸುವುದೂ ಸರಿಯಲ್ಲ. ಕ್ಷಮೆ ಇರುವ ಬಾಗಿಲು ಒಂದು, ಜನ ಸಾಯುತ್ತಿರುವ ಬಾಗಿಲು ಇನ್ನೊಂದು.

ಶಿರಸಿ_ಮಳೆ

ಅಂಕಿ_ಸಂಖ್ಯೆ ಅವರ ಕೊನೆಯ ಸಾಲು ಓದಿ ಸುಮ್ಮನೆ ಕೂತೆ. ಹಾಗಾದರೆ ಧರ್ಮ ಬಿಟ್ಟವರಿಗೆ ಗಲ್ಲು, ಧರ್ಮನಿಂದೆಗೆ ಗಲ್ಲು ಅನ್ನುವುದು ಯಾವ ಬಾಗಿಲು?

ಕಲಬುರಗಿ_ಅಕ್ಷರ

ಇದರ ಮೇಲೇ ಬೇರೆ ಚರ್ಚೆ ಆಗಬೇಕು. ಚುಟುಕಾಗಿ ಹೇಳುತ್ತೇನೆ.

ಧರ್ಮ ಬಿಟ್ಟವನಿಗೆ ಈ ಲೋಕದಲ್ಲಿ ಮರಣದಂಡನೆ ಅಂತ ಕುರ್‌ಆನ್‌ನಲ್ಲಿ ಇಲ್ಲ. ಧರ್ಮದಲ್ಲಿ ಬಲವಂತ ಇಲ್ಲ ಅನ್ನುವ 2:256 ಇದೆ. ಆದರೆ ಧರ್ಮ ಬದಲಿಸಿದವನನ್ನು ಕೊಲ್ಲಿ ಅನ್ನುವ ಹದೀಸು ಬುಖಾರಿ ಹದೀಸು ಸಂಗ್ರಹದಲ್ಲಿದೆ. ಹಳೆಯ ನಾಲ್ಕೂ ಮದ್‌ಹಬ್‌ಗಳು ಅದನ್ನೇ ಹಿಡಿದವು. ಹನಫಿಗಳು ಹೆಂಗಸನ್ನು ಕೊಲ್ಲುವ ಹಾಗಿಲ್ಲ ಅಂದರು, ಯಾಕೆಂದರೆ ಅವಳು ಯುದ್ಧಕ್ಕೆ ಬರುವವಳಲ್ಲ. ಈ ಕಾರಣವನ್ನೇ ಹಿಡಿದು ಈಗಿನ ಹಲವು ವಿದ್ವಾಂಸರು ಹೇಳುವುದು: ಶಿಕ್ಷೆ ಇದ್ದದ್ದು ಪಕ್ಷ ಬದಲಿಸಿ ಯುದ್ಧಕ್ಕೆ ನಿಂತವನಿಗೆ, ನಂಬಿಕೆ ಬಿಟ್ಟವನಿಗೆ ಅಲ್ಲ. ನನಗೆ ಈ ವಾದ ಒಪ್ಪಿಗೆ. ಒಪ್ಪದ ಮೌಲಾನಾಗಳು ಬಹಳ ಜನ ಇದ್ದಾರೆ.

ಧರ್ಮನಿಂದೆಯ 295-ಸಿ ಪಾಕಿಸ್ತಾನಕ್ಕೆ ಬಂದದ್ದು 1986ರಲ್ಲಿ, ಮಿಲಿಟರಿ ಆಡಳಿತಗಾರ ಜಿಯಾ ಉಲ್ ಹಕ್ ಕಾಲದಲ್ಲಿ. ಅದರಡಿ ಇವತ್ತಿನವರೆಗೆ ಸರ್ಕಾರ ಯಾರನ್ನೂ ಗಲ್ಲಿಗೆ ಹಾಕಿಲ್ಲ. ಕೊಂದದ್ದು ಹೆಚ್ಚಾಗಿ ಕಾನೂನು ಕೈಗೆತ್ತಿಕೊಂಡ ಗುಂಪುಗಳು, ಒಂಟಿ ಕೊಲೆಗಾರರು. ಧರ್ಮನಿಂದೆ ಆರೋಪದಲ್ಲಿ ಮರಣದಂಡನೆ ಆಗಿದ್ದ ಕ್ರೈಸ್ತ ಮಹಿಳೆ ಆಸಿಯಾ ಬೀಬಿ ಪರ ಮಾತಾಡಿದ ಪಂಜಾಬ್ ಗವರ್ನರ್ ಸಲ್ಮಾನ್ ತಾಸೀರ್ ಅವರನ್ನು 2011ರಲ್ಲಿ ಅವರ ಅಂಗರಕ್ಷಕನೇ ಕೊಂದ. 2016ರಲ್ಲಿ ಅವನಿಗೆ ಗಲ್ಲಾಯಿತು, ಅಂತ್ಯಕ್ರಿಯೆಗೆ ಜನಸಾಗರ ಬಂತು. 2018ರಲ್ಲಿ ಸುಪ್ರೀಂ ಕೋರ್ಟ್ ಆಸಿಯಾಳನ್ನು ಬಿಡುಗಡೆ ಮಾಡಿತು. ಅವಳು ದೇಶ ಬಿಡಬೇಕಾಯಿತು. ಕಾನೂನಿನ ಪುಸ್ತಕದಲ್ಲಿ ಗಲ್ಲು ಬರೆದಿಟ್ಟರೆ ಅದನ್ನು ಜಾರಿ ಮಾಡುವ ಕೆಲಸ ಬೀದಿಯವರು ತಾವೇ ಎತ್ತಿಕೊಳ್ಳುತ್ತಾರೆ. ಗಲ್ಲು ಬೇಕು ಅನ್ನುವ ನಮ್ಮ ಕಡೆಯ ಅಣ್ಣಂದಿರು ಇದನ್ನು ಯೋಚಿಸಬೇಕು.

ಕಡತದ_ಕೋಣೆ

ಇನ್ನೊಂದು ಬದಿಯೂ ಬರಲಿ. ಮುಸ್ಲಿಮರೇ ಹೆಚ್ಚಿರುವ ಎಷ್ಟೋ ದೇಶಗಳಲ್ಲಿ ಗಲ್ಲು ಇಲ್ಲವೇ ಇಲ್ಲ. ಟರ್ಕಿಯಲ್ಲಿ ಕೊನೆಯ ಗಲ್ಲು 1984ರಲ್ಲಿ, ಕಾನೂನಿನಿಂದ ಪೂರ್ತಿ ತೆಗೆದದ್ದು 2004ರಲ್ಲಿ. ಸೆನೆಗಲ್ ಕೂಡ 2004. ಅಜರ್‌ಬೈಜಾನ್, ಉಜ್ಬೇಕಿಸ್ತಾನ್, ಜಿಬೂಟಿ, ಅಲ್ಬೇನಿಯಾ ತೆಗೆದಿವೆ. ಸಿಯೆರಾ ಲಿಯೋನ್ 2021ರಲ್ಲಿ ತೆಗೆಯಿತು. ಟ್ಯುನೀಷಿಯಾದಲ್ಲಿ 1991ರಿಂದ, ಮೊರಾಕ್ಕೊದಲ್ಲಿ 1993ರಿಂದ ಯಾರಿಗೂ ಜಾರಿ ಆಗಿಲ್ಲ. ಮಲೇಷ್ಯಾ 2023ರಲ್ಲಿ ಕಡ್ಡಾಯ ಮರಣದಂಡನೆ ತೆಗೆದು ಜಡ್ಜ್ ಕೈಗೆ ಬಿಟ್ಟಿತು.

ಹೆಚ್ಚಿನ ಕಡೆ ಇದು ಸೋವಿಯತ್ ಅಥವಾ ಯುರೋಪಿನ ಕಾನೂನಿನ ದಾರಿಯಲ್ಲಿ ಆದದ್ದು, ಫತ್ವಾದಿಂದ ಆದದ್ದಲ್ಲ. ಅದನ್ನೂ ಹೇಳಬೇಕು.

ಜುಬೈಲ್_ಮಾಜಿ

ಇಷ್ಟೆಲ್ಲ ಓದಿದ ಮೇಲೂ ನನಗೆ ಇರಾನಿನ ಒಂದು ಫೋಟೋ ಮರೆಯುವುದಿಲ್ಲ. 2014ರ ಏಪ್ರಿಲ್, ಮಾಜಂದರಾನ್ ಪ್ರಾಂತ್ಯ. ಬೀದಿ ಜಗಳದಲ್ಲಿ ಮಗನನ್ನು ಕೊಂದ ಹುಡುಗನ ಕುತ್ತಿಗೆಗೆ ಹಗ್ಗ ಹಾಕಿ ಕುರ್ಚಿಯ ಮೇಲೆ ನಿಲ್ಲಿಸಿದ್ದಾರೆ. ಅಲ್ಲಿ ಕುರ್ಚಿ ತಳ್ಳುವ ಹಕ್ಕು ಸತ್ತವನ ಮನೆಯವರದು. ತಾಯಿ ಹತ್ತಿರ ಹೋಗಿ ಅವನ ಕೆನ್ನೆಗೆ ಒಂದು ಹೊಡೆದಳು. ಆಮೇಲೆ ಗಂಡನ ಜೊತೆ ಸೇರಿ ಹಗ್ಗ ತೆಗೆದಳು. ಕೊಲೆಗಾರನ ತಾಯಿ ಬಂದು ಅವಳನ್ನು ತಬ್ಬಿ ಅತ್ತಳು.

ಯಾವ ಸುಪ್ರೀಂ ಕೋರ್ಟೂ ಇದನ್ನು ಮಾಡಿಸಲಾರದು. ಅಕ್ಷರ ಅಕ್ಕ ಹೇಳಿದ ತೂತುಗಳೆಲ್ಲ ನಿಜ. ಇದೂ ನಿಜ.

ಕಲಬುರಗಿ_ಅಕ್ಷರ

ನಿಜ ಭಾಯ್. ಆದರೆ ಆ ತಾಯಿಯ ಮೇಲೆ ಎಂಥ ಭಾರ ನೋಡಿ. ಮಗನನ್ನು ಕಳೆದುಕೊಂಡವಳು ಏಳು ವರ್ಷ ಕಾದು, ಜನರ ಎದುರು ನಿಂತು, ಇನ್ನೊಬ್ಬರ ಮಗನ ಕುರ್ಚಿ ತಳ್ಳಬೇಕೋ ಬೇಡವೋ ಅಂತ ತೀರ್ಮಾನಿಸಬೇಕು. ಕ್ಷಮಿಸದಿದ್ದರೆ ಕಲ್ಲು ಮನಸ್ಸಿನವಳು ಅನ್ನುತ್ತಾರೆ. ಯೆಮೆನ್‌ನ ಆ ಸಹೋದರನನ್ನೂ ನಮ್ಮ ಜನ ಕಮೆಂಟ್‌ಗಳಲ್ಲಿ ಎಷ್ಟು ಬೈದರು! ಅವನ ಅಣ್ಣತಮ್ಮನ ದೇಹ ತುಂಡು ಮಾಡಿ ನೀರಿನ ಟ್ಯಾಂಕಿನಲ್ಲಿ ಹಾಕಿದ್ದು ಸಿಕ್ಕಿತ್ತು. ಅವನಿಗೆ ಸಿಟ್ಟು ಬರಬಾರದಾ? ಆ ನರ್ಸ್ ಬದುಕಬೇಕು ಅನ್ನುವುದು ನನ್ನ ಆಸೆ. ಅವಳು ಅನುಭವಿಸಿದ್ದಾಗಿ ಹೇಳಿದ ಹಿಂಸೆ, ಕಿತ್ತುಕೊಂಡ ಪಾಸ್‌ಪೋರ್ಟ್ ಎಲ್ಲ ಓದಿದ್ದೇನೆ. ಆದರೆ ಕ್ಷಮೆ ಅವನ ಹಕ್ಕು ಅಂದ ಮೇಲೆ ಬೇಡ ಅನ್ನುವುದೂ ಅವನ ಹಕ್ಕೇ ತಾನೆ?

ಉಪ್ಪಿನಂಗಡಿ_ಕಿತಾಬು

ನರ್ಸ್ ಕೇಸಿನ ಆ ದಿನಾಂಕ ಮುಂದೂಡಿದಾಗ ಕೇರಳದ ಸುನ್ನಿ ವಿದ್ವಾಂಸ ಕಾಂತಪುರಂ ಎ.ಪಿ. ಅಬೂಬಕರ್ ಮುಸ್ಲಿಯಾರ್ ಅವರು ಯೆಮೆನ್‌ನ ಸೂಫಿ ವಿದ್ವಾಂಸ ಹಬೀಬ್ ಉಮರ್ ಅವರ ಮೂಲಕ ಮಾತುಕತೆ ನಡೆಸಿದ್ದನ್ನು ನೆನಪಿಡಬೇಕು. ಸನಾದಲ್ಲಿ ಭಾರತದ ರಾಯಭಾರ ಕಚೇರಿ ಇಲ್ಲ, ಆಡಳಿತ ಹೂಥಿ ಬಂಡುಕೋರರದು. ಸರ್ಕಾರಕ್ಕೆ ದಾರಿ ಇಲ್ಲದ ಕಡೆ ಉಸ್ತಾದರ ಹಳೆಯ ಪರಿಚಯ ದಾರಿ ಮಾಡಿತು. ಒಬ್ಬ ಕ್ರೈಸ್ತ ಹೆಣ್ಣುಮಗಳಿಗಾಗಿ.

ಹುಬ್ಬಳ್ಳಿ_ಕರಿಕೋಟು

ತಡವಾಗಿ ಬಂದೆ. ಶಿರಸಿಯವರ ಮೊದಲ ಪ್ರಶ್ನೆಗೆ ವಕೀಲನಾಗಿ ಉತ್ತರ.

ನಮ್ಮಲ್ಲಿ ಮನೆಯವರ ಕ್ಷಮೆಗೆ ಕೊಲೆ ಕೇಸು ಮುಗಿಸುವ ಶಕ್ತಿ ಇಲ್ಲ. ಯಾವ ಅಪರಾಧ ರಾಜಿ ಮಾಡಿಕೊಳ್ಳಬಹುದು ಅಂತ ಮೊದಲು ಸಿಆರ್‌ಪಿಸಿ (ಹಳೆಯ ದಂಡ ಪ್ರಕ್ರಿಯಾ ಸಂಹಿತೆ) 320ರಲ್ಲಿ ಪಟ್ಟಿ ಇತ್ತು, ಈಗ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ 359ರಲ್ಲಿ ಇದೆ. ಕೊಲೆ ಆ ಪಟ್ಟಿಯಲ್ಲಿ ಇಲ್ಲ. ಆಸ್ಟ್ರೇಲಿಯಾದ ಮಿಷನರಿ ಗ್ರಹಾಂ ಸ್ಟೇನ್ಸ್ ಮತ್ತು ಅವರ ಇಬ್ಬರು ಮಕ್ಕಳನ್ನು 1999ರಲ್ಲಿ ಒಡಿಶಾದಲ್ಲಿ ಸುಟ್ಟು ಕೊಂದರು. ಹೆಂಡತಿ ಗ್ಲಾಡಿಸ್ ಕ್ಷಮಿಸಿದ್ದೇನೆ ಅಂದರು. ಕೇಸು ನಡೆಯಿತು, ಮುಖ್ಯ ಆರೋಪಿಗೆ ಗಲ್ಲು ಆಯಿತು, ಹೈಕೋರ್ಟ್ ಅದನ್ನು ಜೀವಾವಧಿ ಮಾಡಿತು, 2011ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ಶಿಕ್ಷೆ ಇಳಿದದ್ದು "ಅಪರೂಪದಲ್ಲಿ ಅಪರೂಪ" ಅನ್ನುವ 1980ರ ಬಚನ್ ಸಿಂಗ್ ತೀರ್ಪಿನ ಅಳತೆಯಲ್ಲಿ.

ನಮ್ಮಲ್ಲಿ ಕ್ಷಮೆ ಕೆಲಸ ಮಾಡುವ ಜಾಗ ಕ್ಷಮಾದಾನ ಅರ್ಜಿ. ರಾಜೀವ್ ಗಾಂಧಿ ಕೇಸಿನಲ್ಲಿ ನಳಿನಿಗೆ ಗಲ್ಲು ಬೇಡ ಅಂತ ಸೋನಿಯಾ ಗಾಂಧಿ ಕೇಳಿಕೊಂಡರು. 2000ದಲ್ಲಿ ತಮಿಳುನಾಡು ರಾಜ್ಯಪಾಲರು ಜೀವಾವಧಿಗೆ ಇಳಿಸಿದರು. ಅದು ಕೂಡ ಸಂಪುಟದ ಸಲಹೆಯ ಮೇಲೆ. ಸೋನಿಯಾ ಅವರ ಜಾಗದಲ್ಲಿ ಹಾವೇರಿಯ ಒಬ್ಬ ಸಾಮಾನ್ಯ ವಿಧವೆ ಪತ್ರ ಬರೆದಿದ್ದರೆ ಯಾರು ಓದುತ್ತಿದ್ದರು ಅಂತ ನೀವೇ ಕೇಳಿಕೊಳ್ಳಿ. ಕೊಲೆಯಾದವನ ಮನೆಯವರು ನಮ್ಮ ಕೋರ್ಟಿನಲ್ಲಿ ಬಹಳ ಕಾಲ ಬರಿಯ ಸಾಕ್ಷಿ ಆಗಿದ್ದರು. ಆರೋಪಿ ಬಿಡುಗಡೆ ಆದರೆ ಮೇಲ್ಮನವಿ ಹಾಕುವ ಹಕ್ಕು ಅವರಿಗೆ ಸಿಕ್ಕಿದ್ದೇ 2009ರ ಕೊನೆಗೆ.

ಶಿರಸಿ_ಮಳೆ

ಕರಿಕೋಟು ಸಾರ್, ಥ್ಯಾಂಕ್ಸ್. ಒಂದು ಉಳಿಯಿತು. ಕೋಝಿಕ್ಕೋಡಿನ ಡ್ರೈವರ್ ಮನೆಗೆ ಬಂದರಾ?

ಜುಬೈಲ್_ಮಾಜಿ

ದುಡ್ಡು ರಾಯಭಾರ ಕಚೇರಿಯ ಮೂಲಕ ಹೋಯಿತು. 2024ರ ಜುಲೈನಲ್ಲಿ ಮರಣದಂಡನೆ ರದ್ದಾಯಿತು. ಆದರೆ ಬಿಡಲಿಲ್ಲ. ಅಲ್ಲಿನ ತೀರ್ಪಿನಲ್ಲಿ ಮನೆಯವರ ಖಾಸಗಿ ಹಕ್ಕು ಬೇರೆ, ಸಾರ್ವಜನಿಕ ಹಕ್ಕು ಬೇರೆ. ಮೊದಲನೆಯದು ಮುಗಿಯಿತು, ಎರಡನೆಯದರಡಿ 2025ರ ಮೇ ತಿಂಗಳಲ್ಲಿ ಒಟ್ಟು 20 ವರ್ಷ ಜೈಲು ಅಂದರು. ಆಗಲೇ ಕಳೆದ 18-19 ವರ್ಷ ಅದರಲ್ಲಿ ಕಳೆಯುತ್ತದೆ.

ಇಲ್ಲಿ ಓದುತ್ತಿರುವವರ ಪೈಕಿ ಯಾರದಾದರೂ ಮನೆಯವರು ಇಂಥ ಕೇಸಿನಲ್ಲಿ ಇದ್ದರೆ, ಚಂದಾ ಎತ್ತುವ ಮೊದಲು ಅರಬ್ಬಿ ತೀರ್ಪಿನ ಪ್ರತಿ ತರಿಸಿ, ಅಲ್ಲಿನ ಕಾನೂನು ಗೊತ್ತಿರುವ ಅನುವಾದಕರಿಂದ ಓದಿಸಿ. ಎರಡು ಹಕ್ಕುಗಳಲ್ಲಿ ಯಾವುದರಡಿ ಶಿಕ್ಷೆ ಅಂತ ನೋಡಿ. ಮಧ್ಯವರ್ತಿ ಅಂತ ಫೋನ್ ಮಾಡುವವನ ಖಾತೆಗೆ ಒಂದು ರೂಪಾಯಿಯನ್ನೂ ಹಾಕಬೇಡಿ.